ಮಿಷನ್ ಶಾಂತಕ್ಕನ ಹಿತ್ತಿಲ ಬಾಗಿಲು

ಬಾಗಿಲಿಗೆ ಒತ್ತಿ ನಿಲ್ಲಿಸಿದ್ದ ಕಲ್ಲನ್ನು ಉರುಳಿಸಲು ಇಬ್ಬರು ಗಂಡಸರು ಬೇಕಾದರು. ಒಬ್ಬ ಹಾರೆಯಿಂದ ಮೀಟಿದ, ಇನ್ನೊಬ್ಬ ಎರಡೂ ಕೈಯಲ್ಲಿ ತಬ್ಬಿ ಹಿಡಿದ. ಹಿಟ್ಟಿನ ಮಿಷನ್ನಿನ ಬೀಸುಕಲ್ಲು ಅದು. ದುಂಡಗೆ, ನಡುವೆ ತೂತು, ಮೈತುಂಬ ಉಳಿಯಿಂದ ಹೊಡೆದ ಗೆರೆ. ಗೋಡೆಗೆ ಒರಗಿಸಿದ ಮೇಲೆ ಹಾರೆ ಹಿಡಿದಿದ್ದ ತಿಮ್ಮೇಶ್ ಟವೆಲಿನಿಂದ ಕತ್ತು ಒರೆಸಿಕೊಂಡು, "ಆಯಮ್ಮ ಒಬ್ಳೇ ಇದನ್ನ ಹೆಂಗೆ ತಂದು ನಿಲ್ಲಿಸಿದ್ಲು ಕಣ್ಲಾ?" ಎಂದ.

"ತಲೆ ಕೆಟ್ಟೋರಿಗೆ ಬಲ ಜಾಸ್ತಿ ಬುಡು," ಎಂದ ಇನ್ನೊಬ್ಬ.

ಒಲೆಯ ಹತ್ತಿರ ಹೆಣದ ಸ್ನಾನಕ್ಕೆ ನೀರು ಕಾಯಿಸುತ್ತಿದ್ದ ವನಜಾಕ್ಷಿ ಆ ಮಾತನ್ನು ಕೇಳಿಯೂ ಕೇಳದವಳಂತೆ ಸೌದೆ ಒಳಕ್ಕೆ ತಳ್ಳಿದಳು. ಅವಳ ಬಲಗಡೆಯ ಭುಜ ನಿನ್ನೆಯಿಂದ ನೋಯುತ್ತಿತ್ತು. ಯಾರಾದರೂ ಕೇಳಿದರೆ ಏನು ಹೇಳುವುದೆಂದು ಬೆಳಗಿನಿಂದ ಯೋಚಿಸಿದ್ದಳು. ಯಾರೂ ಕೇಳಿರಲಿಲ್ಲ.

ಸತ್ತವಳು ಶಾಂತಕುಮಾರಿ, ವನಜಾಕ್ಷಿಯ ಗಂಡ ರೇಣುಕಪ್ರಸಾದನ ಅಕ್ಕ. ವಯಸ್ಸು ಅರವತ್ತಾರು. ಹೊನ್ನವಳ್ಳಿಯ ಸುತ್ತಮುತ್ತ ಮಿಷನ್ ಶಾಂತಕ್ಕ ಎಂದರೇ ಗುರುತು. ನಿನ್ನೆ ಮಧ್ಯಾಹ್ನ ಎರಡು ಗಂಟೆಗೆ ಎರಡೂ ಬಾಗಿಲು ತೆರೆಯದೆ ರೇಣುಕಪ್ರಸಾದ್ ಹೆಂಚು ಸರಿಸಿ ಒಳಗಿಳಿದಾಗ ಅವಳು ಈ ಹಿತ್ತಿಲ ಬಾಗಿಲಿಗೆ ಎರಡು ಮಾರು ದೂರದಲ್ಲಿ, ಬಾಗಿಲ ಕಡೆಗೆ ಮುಖ ಮಾಡಿ ಬಿದ್ದಿದ್ದಳು. ಡಾಕ್ಟರು ಬಂದು ನೋಡಿ, ರಕ್ತದೊತ್ತಡ ಏರಿ ಮೆದುಳಲ್ಲಿ ನರ ಒಡೆದಿದೆ ಎಂದರು. ಬೆಳಗ್ಗೆ ಹತ್ತು ಹನ್ನೊಂದರ ಹೊತ್ತಿಗೆ ಆಗಿರಬೇಕು ಎಂದೂ ಹೇಳಿದರು.

"ಹತ್ತಕ್ಕಾ ಸಾರ್, ಹನ್ನೊಂದಕ್ಕಾ?" ವನಜಾಕ್ಷಿ ಕೇಳಿಬಿಟ್ಟಿದ್ದಳು.

ಎಲ್ಲರೂ ಅವಳ ಮುಖ ನೋಡಿದ್ದರು. "ಅಷ್ಟು ಕರೆಕ್ಟಾಗಿ ಹೇಳಕ್ಕಾಗಲ್ಲಮ್ಮ," ಎಂದು ಡಾಕ್ಟರು ಬ್ಯಾಗಿನ ಜಿಪ್ ಎಳೆದುಕೊಂಡರು.

\*

ಇಪ್ಪತ್ತಾರನೆಯ ವಯಸ್ಸಿಗೆ ಗಂಡನನ್ನು ಕಳೆದುಕೊಂಡು ತವರಿಗೆ ಬಂದ ಮಗಳಿಗೆ ಅಪ್ಪ ಹಾಕಿಕೊಟ್ಟದ್ದು ಹಿಟ್ಟಿನ ಮಿಷನ್. ಹೆಂಗಸು ಮಿಷನ್ ನಡೆಸುವುದೇ ಎಂದು ನಕ್ಕವರೇ ಒಂದು ತಿಂಗಳಿಗೆ ರಾಗಿ ಹೊತ್ತು ಸಾಲು ನಿಂತರು. ಶಾಂತಕ್ಕ ಸೀರೆಯ ಸೆರಗನ್ನು ತಲೆಗೆ ಬಿಗಿದು, ಬೀಳುತ್ತಿರುವ ಹಿಟ್ಟನ್ನು ಹೆಬ್ಬೆರಳಿನಿಂದ ಉಜ್ಜಿ ನೋಡಿ, ಮುದ್ದೆಗೆ ಇಷ್ಟು ಸಾಕು, ರೊಟ್ಟಿಗೆ ಇನ್ನೂ ಸಣ್ಣಗಾಗಬೇಕು ಎಂದು ಹೇಳುತ್ತಿದ್ದಳು. ಕಲ್ಲು ಸವೆದರೆ ಯಾರನ್ನೂ ಕರೆಯುತ್ತಿರಲಿಲ್ಲ. ತಾನೇ ಬಿಚ್ಚಿ, ಉರುಳಿಸಿಕೊಂಡು ಬಂದು ಅಂಗಳದಲ್ಲಿ ಮಲಗಿಸಿ, ಉಳಿ ಸುತ್ತಿಗೆ ಹಿಡಿದು ಹೊಸ ಹಲ್ಲು ಕೊಚ್ಚುತ್ತಿದ್ದಳು. ಹುಬ್ಬು ರೆಪ್ಪೆಯೆಲ್ಲ ಬೆಳ್ಳಗೆ. ಮದುವೆಯಾಗಿ ಪಕ್ಕದ ಮನೆಗೆ ಬಂದ ಹೊಸತರಲ್ಲಿ ವನಜಾಕ್ಷಿ ಹಬ್ಬದ ಹಿಂದಿನ ದಿನಗಳಲ್ಲಿ ಹಿತ್ತಿಲ ಬಾಗಿಲಿಂದ ಬಂದು ಡಬ್ಬಕ್ಕೆ ಹಿಟ್ಟು ತುಂಬಿಕೊಡುತ್ತಿದ್ದಳು. ಅದಕ್ಕೇ ಆ ಬಾಗಿಲಿನ ಎರಡನೆಯ ಕೀಲಿ ಅವಳ ಹತ್ತಿರ ಇದ್ದದ್ದು.

ಮಿಷನ್ನಿನ ಸದ್ದಿನಲ್ಲಿ ಎಲ್ಲರೂ ಕೂಗಿಯೇ ಮಾತಾಡಬೇಕು. ಮೂವತ್ತೇಳು ವರ್ಷ ಊರಿನ ಸುದ್ದಿಯೆಲ್ಲ ಕೂಗಾಗಿಯೇ ಶಾಂತಕ್ಕನ ಕಿವಿಗೆ ಬಿತ್ತು. ಆದ್ದರಿಂದಲೇ ಅವಳ ಕಿವಿ ಯಾವಾಗ ಹೋಯಿತೆಂದು ಯಾರಿಗೂ ತಿಳಿಯಲಿಲ್ಲ. ಅವಳಿಗೂ ತಿಳಿಯಲಿಲ್ಲ.

ಮನೆಮನೆಗೆ ಚಿಕ್ಕ ಗಿರಣಿ ಬಂದವು, ತಿಪಟೂರಿನಿಂದ ಹಿಟ್ಟಿನ ಪ್ಯಾಕೆಟ್ಟು ಬಂತು. ಮೂರು ವರ್ಷದ ಹಿಂದೆ ಶಾಂತಕ್ಕ ಮಿಷನ್ನಿನ ಬೆಲ್ಟು ಬಿಚ್ಚಿ ಸುತ್ತಿಟ್ಟಳು. ಅಲ್ಲಿಂದ ಜನ ಸಾಮಾನ್ಯ ದನಿಯಲ್ಲಿ ಮಾತಾಡತೊಡಗಿದರು. ಶಾಂತಕ್ಕನಿಗೆ ಕಂಡದ್ದು ಬರಿಯ ತುಟಿಗಳ ಅಲುಗಾಟ.

ಬಸ್ ಸ್ಟ್ಯಾಂಡಿನಲ್ಲಿ ಒಂದು ಬೆಳಗ್ಗೆ ಅವಳು ಎದುರುಮನೆಯ ತಿಮ್ಮಕ್ಕನ ತೋಳು ಹಿಡಿದು, "ಏನಂದೆ ನನ್ನ ವಿಷ್ಯ?" ಎಂದು ಕೇಳಿದಳು.

"ಬಸ್ಸು ಬರ್ಲಿಲ್ಲ ಅಂದೆ ಕಣಕ್ಕ."

"ಇಲ್ಲ. ನೀನು ನನ್ನ ಹೆಸರು ಹೇಳ್ದೆ. ಅವರೆಲ್ಲ ನಕ್ಕರು."

ಅದಕ್ಕೆ ನಿಜವಾಗಿಯೂ ಎಲ್ಲರೂ ನಕ್ಕರು. ಕಿವಿ ತೋರಿಸಿಕೊಂಡು ಬರೋಣ ಎಂದು ರೇಣುಕಪ್ರಸಾದ್ ಎರಡು ಸಲ ಕಾರು ಮಾಡಿಕೊಂಡು ಬಂದ. "ನನ್ನ ಕಿವಿಗೇನಾಗಿದೆ? ನೀವು ಪಿಸಪಿಸ ಅನ್ನೋದು ಬುಡಿ ಮೊದಲು," ಎಂದು ಅವಳು ಬಾಗಿಲು ಹಾಕಿಕೊಂಡಳು. ಸಂತೆಗೆ ಹೋಗುವುದು ನಿಂತಿತು, ಮದುವೆ ಮುಂಜಿ ನಿಂತವು. ಬೆಳಗ್ಗೆ ಹತ್ತಕ್ಕೆ ಬಸವಣ್ಣನ ಗುಡಿಗೆ ಹೋಗಿ ಅರ್ಧ ಗಂಟೆ ಕೂತು ಬರುವುದೊಂದು ಉಳಿಯಿತು.

\*

ಹೆಂಗಸರು ಸೀರೆಯನ್ನು ಮರೆ ಹಿಡಿದು ಸ್ನಾನ ಮಾಡಿಸಿದರು. ತಿಮ್ಮಕ್ಕ ಸತ್ತವಳ ಕೈ ತೊಳೆಯುತ್ತ ತನ್ನಷ್ಟಕ್ಕೆ ಮಾತಾಡುತ್ತಿದ್ದಳು. "ನೋಡವ್ವ ಈ ಅಂಗೈ. ಇನ್ನೂ ಕಲ್ಲಿನಂಗೇ ಅದೆ."

"ತಿಮ್ಮಕ್ಕ, ನಿಂಗೆ ಏನಾದ್ರೂ ಹೇಳ್ತಿದ್ರಾ ಈಚೆಗೆ?" ಎಂದು ದಂಡಿನಶಿವರದಿಂದ ಬಂದಿದ್ದ ನೆಂಟರ ಹೆಂಗಸೊಬ್ಬಳು ಕೇಳಿದಳು.

"ಅದೇ ಮಾತು. ನಾನು ಗುಡಿಗೆ ಹೋದಾಗ ಯಾರೋ ಮನೆಯೊಳಕ್ಕೆ ಬತ್ತಾರೆ, ಸಾಮಾನು ಮುಟ್ತಾರೆ, ಅಂತ. ಹಳಸಿದ ಸಾರು ಇಟ್ಟೋಗಿದ್ದೆ, ಬಂದು ನೋಡಿದ್ರೆ ಪಾತ್ರೆ ತೊಳೆದು ದಬ್ಬಾಕಿದ್ದಾರೆ ಅಂತಾಳೆ. ಕಳ್ಳ ಯಾವೋನಾದ್ರೂ ಪಾತ್ರೆ ತೊಳೀತಾನಾ ಕಣಕ್ಕ ಅಂತ ನಾನು ನಕ್ಕುಬುಟ್ಟೆ."

ಹೆಂಗಸರಲ್ಲಿ ಒಂದಿಬ್ಬರು ಈಗಲೂ ನಗು ತಡೆದುಕೊಂಡರು. ವನಜಾಕ್ಷಿ ಚೊಂಬಿನಿಂದ ನೀರು ಹೊಯ್ಯುತ್ತಲೇ ಇದ್ದಳು.

"ಆಮೇಲೊಂದಿನ ಹೇಳಿದ್ಲು," ತಿಮ್ಮಕ್ಕ ದನಿ ತಗ್ಗಿಸಿದಳು. "ವನಜನ್ನ ಕೇಳ್ದೆ, ಯಾರೂ ಬರಲ್ಲ ಅಂದ್ಲು. ವನಜ ಸುಳ್ಳು ಹೇಳೋಳಲ್ಲ. ಅಂದ್ಮೇಲೆ ಬರ್ತಿರೋದು ಮನುಷ್ಯರಲ್ಲ ಕಣೇ ತಿಮ್ಮಕ್ಕ, ಅಂತ. ಆಗ ಅವಳ ಕಣ್ಣು ನೋಡಕ್ಕಾಗ್ಲಿಲ್ಲ ನಂಗೆ."

ವನಜಾಕ್ಷಿ ಚೊಂಬನ್ನು ಪಕ್ಕದವಳ ಕೈಗೆ ಕೊಟ್ಟಳು.

"ವಿಭೂತಿ ತತ್ತೀನಿ," ಎಂದು ಎದ್ದಳು.

ಅಡಿಗೆಮನೆಯ ಗೂಡಿನಲ್ಲಿ ವಿಭೂತಿ ಇರಲಿಲ್ಲ. ಹುಡುಕುತ್ತ ರಾಗಿಹಿಟ್ಟಿನ ಡಬ್ಬದ ಮುಚ್ಚಳ ತೆಗೆದಳು. ಹಿಟ್ಟಿನಲ್ಲಿ ಕೈಯಾಡಿಸಿದರೆ ಏನೋ ಗರಗರ ಎಂದಿತು. ರಬ್ಬರ್ ಬ್ಯಾಂಡ್ ಹಾಕಿದ ಗುಳಿಗೆ ಪಟ್ಟಿಗಳ ಕಟ್ಟು. ಬಿ.ಪಿ. ಗುಳಿಗೆಗಳು. ವನಜಾಕ್ಷಿಯೇ ತಿಂಗಳು ತಿಂಗಳು ತಂದು, ಹಳೆಯದು ಖಾಲಿಯಾಯಿತೆಂದುಕೊಂಡು ಅದೇ ಜಾಗದಲ್ಲಿ ಇಟ್ಟುಹೋಗಿದ್ದವು. ಒಂದೇ ಒಂದು ಗುಳಿಗೆಯನ್ನೂ ಪಟ್ಟಿಯಿಂದ ಒಡೆದು ತೆಗೆದಿರಲಿಲ್ಲ.

ಅವಳು ಅದನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಯಾಕೆ ಬಚ್ಚಿಟ್ಟೆನೆಂದು ಅವಳಿಗೇ ಗೊತ್ತಾಗಲಿಲ್ಲ. ಹೊರಗಿನಿಂದ ಯಾರೋ, "ವಿಭೂತಿ ಇಲ್ಲೇ ಅದೆ ಕಣವ್ವ, ಅಯ್ಯನೋರು ತಂದವ್ರೆ," ಎಂದು ಕೂಗಿದರು.

\*

ಇದೆಲ್ಲ ಶುರುವಾದದ್ದು ಯುಗಾದಿಯಾದ ವಾರಕ್ಕೆ. ಗ್ಯಾಸಿನ ವಾಸನೆ ಗೋಡೆ ದಾಟಿ ಬಂದು, ವನಜಾಕ್ಷಿ ಓಡಿಹೋಗಿ ನೋಡಿದರೆ ಹಾಲು ಉಕ್ಕಿ ಒಲೆ ಆರಿಹೋಗಿತ್ತು, ಗ್ಯಾಸು ಬುಸ್ಸೆಂದು ಹರಿಯುತ್ತಿತ್ತು. ಶಾಂತಕ್ಕ ಪಕ್ಕದಲ್ಲೇ ಕೂತು ಹುಣಸೆಹಣ್ಣು ಸುಲಿಯುತ್ತಿದ್ದಳು. ಆ ಬುಸ್ಸು ಅವಳಿಗೆ ಕೇಳಿಸಿರಲಿಲ್ಲ, ವರ್ಷಾನುಗಟ್ಟಲೆ ಹಿಟ್ಟಿನ ಧೂಳು ಕುಡಿದ ಮೂಗಿಗೆ ವಾಸನೆಯೂ ಹತ್ತಿರಲಿಲ್ಲ. ಸಂಜೆ ರೇಣುಕಪ್ರಸಾದ್ ರೇಗಿದ. "ಈ ಮನೆಗೆ ಬೀಗ ಹಾಕಿ ನಮ್ಮನೆಗೆ ಬಾ. ಸತ್ತರೆ ಊರೋರು ನನ್ನ ಮುಖಕ್ಕೆ ಉಗೀತಾರೆ."

ಅವಳಿಗೆ ಕೇಳಿಸಿದ್ದು ಬೀಗ, ಸತ್ತರೆ ಎಂಬ ಎರಡು ಮಾತು ಮಾತ್ರ. "ನನ್ನ ಮನೆ ಬೇಕಾ ನಿಂಗೆ? ಇನ್ನು ಇಬ್ರೂ ಈ ಹೊಸ್ತಿಲು ತುಳೀಬೇಡಿ," ಎಂದಳು.

ಮಾರನೆಯ ದಿನ ಹತ್ತು ಗಂಟೆಗೆ ಶಾಂತಕ್ಕ ಗುಡಿಗೆ ಹೋದದ್ದನ್ನು ನೋಡಿ ವನಜಾಕ್ಷಿ ತನ್ನ ಕೀಲಿಯಿಂದ ಹಿತ್ತಿಲ ಬಾಗಿಲು ತೆಗೆದು ಒಳಹೋದಳು. ಗ್ಯಾಸ್ ಆರಿಸಿದೆಯೇ ನೋಡಿ ಬಂದುಬಿಡುವುದು ಎಂದುಕೊಂಡಿದ್ದಳು. ಹೋದ ಮೇಲೆ ಹಳಸಿದ ಸಾರು ಕಣ್ಣಿಗೆ ಬಿತ್ತು. ಚೆಲ್ಲಿದಳು. ಚೆಲ್ಲಿದ ಮೇಲೆ ಪಾತ್ರೆಯನ್ನು ತೊಳೆಯದೆ ಇಡಲು ಕೈ ಬರಲಿಲ್ಲ. ಹಾಗೆ ದಿನಾ ಹೋಗತೊಡಗಿದಳು. ಗಂಡನಿಗೆ ಹೇಳಲಿಲ್ಲ. ಹೇಳಿದರೆ ಅವನು ಸಿಟ್ಟಿನಲ್ಲಿ ಅಕ್ಕನ ಮುಂದೆ ಆಡಿಬಿಡುತ್ತಾನೆ, ಅವಳು ಬೀಗ ಬದಲಿಸುತ್ತಾಳೆ, ಒಂದು ದಿನ ಮನೆ ಹೊತ್ತಿಕೊಳ್ಳುತ್ತದೆ.

ಆಷಾಢದಲ್ಲಿ ಒಂದು ದಿನ ಒಳಗೆ ನಾಲ್ಕು ಹೆಜ್ಜೆ ಇಟ್ಟ ಮೇಲೆ ಕಾಲಡಿ ನುಣುಪಾದದ್ದು ತಿಳಿಯಿತು. ಶಾಂತಕ್ಕ ನೆಲದ ತುಂಬ ತೆಳ್ಳಗೆ ಹಿಟ್ಟು ಉದುರಿಸಿ ಹೋಗಿದ್ದಳು. ತನ್ನ ಹೆಜ್ಜೆಗಳು ಬಾಗಿಲಿನಿಂದ ಒಂದೊಂದಾಗಿ ತನ್ನ ಹಿಂದೆಯೇ ಬಂದಿದ್ದವು. ಪೊರಕೆಯಿಂದ ಗುಡಿಸಿ, ಡಬ್ಬದಿಂದ ಹಿಟ್ಟು ತೆಗೆದು, ಹಿಂದೆ ಹಿಂದೆ ನಡೆಯುತ್ತ ಉದುರಿಸಿಕೊಂಡು ಹೊರಬಂದಳು. ಅವಸರದಲ್ಲಿ ಹಿಟ್ಟು ಕೆಲವೆಡೆ ಗುಪ್ಪೆಯಾಗಿ ಬಿದ್ದಿತ್ತು.

ಅವತ್ತು ಮಧ್ಯಾಹ್ನ ಶಾಂತಕ್ಕ ಇವರ ಮನೆಗೆ ಬಂದಳು. ಯುಗಾದಿಯ ನಂತರ ಮೊದಲ ಸಲ. ಜಗಲಿಯ ತುದಿಯಲ್ಲಿ ಕೂತು ವನಜಾಕ್ಷಿಯ ಎರಡೂ ಕೈ ಹಿಡಿದುಕೊಂಡಳು.

"ವನಜಾ, ನಿಂಗೆ ನಾನು ಏನೇನೋ ಅಂದಿರಬಹುದು. ಮನಸ್ಸಲ್ಲಿ ಇಟ್ಕೋಬೇಡ. ನಂಗೊಂದು ಹೇಳು. ನನ್ನ ಮನೆಗೆ ಯಾರೋ ಬತ್ತಾರೆ. ಗೋಡೆ ಪಕ್ಕದಲ್ಲೇ ಇರೋಳು, ನೀನು ಯಾರನ್ನಾದ್ರೂ ನೋಡಿದ್ಯಾ?"

ಹೇಳಿಬಿಡಬೇಕೆಂದು ಬಾಯಿವರೆಗೂ ಬಂತು. ಒಳಗೆ ಊಟಕ್ಕೆ ಕೂತಿದ್ದ ಗಂಡ ಕತ್ತು ಹೊರಳಿಸಿ ನೋಡುತ್ತಿದ್ದ. ತಿಮ್ಮಕ್ಕ ಎದುರುಮನೆಯ ಬಾಗಿಲಲ್ಲಿ ನಿಂತಿದ್ದಳು.

"ಯಾರೂ ಬರಲ್ಲ ಅಕ್ಕ!" ವನಜಾಕ್ಷಿ ಕೂಗಿ ಹೇಳಿದಳು. ಕೂಗಿದರೆ ಮಾತ್ರ ಅವಳಿಗೆ ಕೇಳಿಸುತ್ತಿತ್ತು. "ಎಲ್ಲ ನಿಮ್ಮ ಭ್ರಮೆ! ಯಾರೂ ಇಲ್ಲ!"

ಶಾಂತಕ್ಕ ಅವಳ ತುಟಿಗಳನ್ನೇ ನೋಡುತ್ತಿದ್ದಳು. ಆಮೇಲೆ ತಮ್ಮನ ಕಡೆ ತಿರುಗಿ, "ಹಿತ್ತಿಲ ಬಾಗಿಲಿಗೆ ಒಳಗಿಂದ ಒಂದು ಚಿಲಕ ಹಾಕಿಸಿಕೊಡ್ತೀಯಾ ರೇಣುಕಾ?" ಎಂದಳು.

"ಚಿಲಕ ಯಾಕೆ? ವನಜಾನೇ ಹೇಳ್ತಾವ್ಳಲ್ಲ ಯಾರೂ ಇಲ್ಲ ಅಂತ. ಹುಚ್ಚಿಯಂಗೆ ಆಡಬೇಡ ಕಣಕ್ಕ. ಊರೆಲ್ಲ ನಗ್ತದೆ," ಎಂದ ಅವನು. ಇದನ್ನೂ ಕೂಗಿಯೇ ಹೇಳಿದ. ಬೀದಿಗೆಲ್ಲ ಕೇಳಿಸಿತು.

ಅಲ್ಲಿಂದ ವನಜಾಕ್ಷಿಗೂ ಏನೋ ಆಗತೊಡಗಿತು. ಯಾರೂ ಇಲ್ಲ ಎಂದು ಗಂಡನ ಮುಂದೆ, ತಿಮ್ಮಕ್ಕನ ಮುಂದೆ ಹೇಳಿ ಹೇಳಿ, ಆ ಮನೆಯೊಳಗೆ ನಿಂತಾಗ ಒಮ್ಮೊಮ್ಮೆ ಅವಳೇ ಬೆಚ್ಚುತ್ತಿದ್ದಳು. ಲೋಟ ನಿನ್ನೆ ಇಲ್ಲಿತ್ತೇ? ತಾನು ಸರಿಸಿದೆನೇ? ಕಿಟಕಿ ತಾನು ಮುಚ್ಚಿರಲಿಲ್ಲ, ಹಾಗಾದರೆ ಯಾರು? ಬೆನ್ನ ಹಿಂದೆ ಯಾರೋ ಇದ್ದಾರೆನಿಸಿ ಹಿಂತಿರುಗಿ ನೋಡುತ್ತಿದ್ದಳು. ಆದರೂ ಹೋಗುವುದನ್ನು ನಿಲ್ಲಿಸಲಿಲ್ಲ.

\*

ತೋಟ ಮನೆಯ ಹಿಂದೆಯೇ ಇದ್ದುದರಿಂದ ಹೆಂಗಸರೂ ಗುಂಡಿಯವರೆಗೆ ಬಂದರು. ಕುರ್ಚಿಯಲ್ಲಿ ಕೂರಿಸಿ, ಹೆಗಲುಗಳಿಗೆ ಬಟ್ಟೆ ಕಟ್ಟಿ, ಹಣೆಗೆ ತೋಳಿಗೆ ವಿಭೂತಿ ಬಳಿದು ಹೊತ್ತು ತಂದಿದ್ದ ಶಾಂತಕ್ಕನನ್ನು ನಾಲ್ವರು ಗಂಡಸರು ತೆಂಗಿನ ಸಾಲುಗಳ ನಡುವೆ ಇಳಿಸಿದರು. ವಿಭೂತಿ ಹಚ್ಚಿದ ಮುಖ ಹಳೆಯ ಮಿಷನ್ ದಿನಗಳ ಮುಖದಂತೆಯೇ ಕಂಡು ಕೆಲವರು ಕಣ್ಣೊರೆಸಿಕೊಂಡರು. ಅಯ್ಯನವರಾದ ಏಕಾಂತಯ್ಯ ಗುಂಡಿಯೊಳಗೆ ಹೆಣ ಕೂರಿಸುವ ಗೂಡಿಗೆ ಬಿಲ್ವಪತ್ರೆ ಹಾಸಿ ಮೇಲೆ ಬಂದರು.

"ಮನೆಯೋರೆಲ್ಲ ಕಾಲು ಮುಟ್ಟಿ ನಮಸ್ಕಾರ ಮಾಡಿ. ಏನಾದ್ರೂ ತಪ್ಪು ನಡೆದಿದ್ರೆ ಕ್ಷಮಿಸು ಅಂತ ಕೇಳ್ಕೊಳ್ಳಿ."

ರೇಣುಕಪ್ರಸಾದ್ ಅಕ್ಕನ ಪಾದದ ಮೇಲೆ ಹಣೆಯಿಟ್ಟು ಬಿಕ್ಕಿದ. ಅವನ ಹಿಂದೆ ಯಾರೋ ಮೆಲ್ಲಗೆ, "ಹೋಗ್ಲಿ ಬುಡು, ಒಂದು ಲೆಕ್ಕಕ್ಕೆ ಬಿಡುಗಡೆ ಆಯ್ತು. ಬುದ್ಧಿ ಸ್ವಾಧೀನ ಇರ್ಲಿಲ್ಲ ಪಾಪ," ಎಂದರು.

ವನಜಾಕ್ಷಿ ಪಾದ ಮುಟ್ಟಿದಳು. ನಿನ್ನೆ ಬೆಳಗ್ಗೆ ಹತ್ತು ಗಂಟೆ ಅವಳ ಕಣ್ಣ ಮುಂದೆಯೇ ನಿಂತಿತ್ತು. ಶಾಂತಕ್ಕ ಗುಡಿಗೆ ಹೋಗಿರುತ್ತಾಳೆಂದುಕೊಂಡು ಕೀಲಿ ತಿರುಗಿಸಿದ್ದಳು. ಬಾಗಿಲು ಬರಲಿಲ್ಲ. ಉಬ್ಬಿಕೊಂಡಿರಬೇಕೆಂದು ಭುಜ ಕೊಟ್ಟು ತಳ್ಳಿದಳು. ಒಂದು ಸಲ, ಎರಡು ಸಲ, ಮೂರನೆಯ ಸಲ ಬಾಗಿಲು ಒಂದು ಬೆರಳಗಲ ಸರಿಯಿತು. ಆ ಸಂದಿಯಲ್ಲಿ ಬೀಸುಕಲ್ಲಿನ ಅಂಚು ಕಂಡಿತು. ಒಳಗಿನಿಂದ ನಿಲ್ಲಿಸಿದ್ದು. ಅಂದರೆ ಅಕ್ಕ ಒಳಗೇ ಇದ್ದಾಳೆ. ಬಾಗಿಲು ಅಲುಗಾಡುವುದನ್ನು ನೋಡುತ್ತಿದ್ದಾಳೆ. ವನಜಾಕ್ಷಿ ಕೀಲಿ ಎಳೆದುಕೊಂಡು ಓಡಿಬಂದಳು. ಹನ್ನೊಂದಾಯಿತು, ಹನ್ನೆರಡಾಯಿತು. ಶಾಂತಕ್ಕ ಹೊರಗೆ ಬರಲಿಲ್ಲ. ಯಾರಿಗಾದರೂ ಹೇಳಬೇಕೆಂದರೆ ತಾನು ಅಲ್ಲಿಗೆ ಹೋಗಿದ್ದನ್ನು ಹೇಳಬೇಕು. ಅನ್ನಕ್ಕೆ ಇಟ್ಟಳು, ಬಟ್ಟೆ ಒಣಹಾಕಿದಳು, ಮತ್ತೆ ಮತ್ತೆ ಗೋಡೆಯ ಹತ್ತಿರ ಬಂದು ನಿಂತಳು. ಎರಡು ಗಂಟೆಗೆ ಗಂಡ ತಿಪಟೂರಿನಿಂದ ಬಂದಾಗ, "ಅಕ್ಕ ಬೆಳಗಿಂದ ಕಾಣ್ತಿಲ್ಲ ಕಣ್ರೀ," ಎಂದಷ್ಟೇ ಹೇಳಿದಳು.

ತಾನು ತಳ್ಳುವ ಮೊದಲೇ ಬಿದ್ದಿದ್ದಳೇ? ತಳ್ಳಿದ್ದನ್ನು ನೋಡಿ ಬಿದ್ದಳೇ? ಬಿದ್ದ ಮೇಲೂ ಎಷ್ಟು ಹೊತ್ತು ಬಾಗಿಲನ್ನೇ ನೋಡುತ್ತ ಇದ್ದಳು?

ಅವಳು ಪಾದ ಬಿಟ್ಟು ಎದ್ದು, ಕುರ್ಚಿಯ ಪಕ್ಕಕ್ಕೆ ಹೋಗಿ ಬಾಗಿದಳು. ಶಾಂತಕ್ಕನ ಬಲಗಿವಿ ಕೊಂಚ ಚುರುಕಾಗಿತ್ತು, ಯಾವಾಗಲೂ ಆ ಕಡೆಯೇ ಹೋಗಬೇಕು. ಮೆಲ್ಲಗೆ, ಯಾರಿಗೂ ಕೇಳಿಸದಂತೆ ಹೇಳಬೇಕೆಂದುಕೊಂಡೇ ಬಾಯಿ ತೆರೆದಳು. ಆದರೆ ಆ ಕಿವಿಯ ಹತ್ತಿರ ಅವಳು ಎಂದೂ ಮೆಲ್ಲಗೆ ಮಾತಾಡಿರಲಿಲ್ಲ.

"ಅಕ್ಕಾ! ಬತ್ತಿದ್ದೋಳು ನಾನು! ಪಾತ್ರೆ ತೊಳೆದಿದ್ದು ನಾನು! ಗುಳಿಗೆ ಇಟ್ಟಿದ್ದು ನಾನು ಕಣಕ್ಕಾ! ನೀವು ಹೇಳಿದ್ದೆಲ್ಲ ನಿಜ! ನಿಮಗೆ ತಲೆ ಕೆಟ್ಟಿರ್ಲಿಲ್ಲ!"

ಕೂಗು ತೋಟದ ಆ ತುದಿಯವರೆಗೆ ಹೋಯಿತು. ಭಜನೆ ಹೇಳುತ್ತಿದ್ದವರು ತಾಳ ನಿಲ್ಲಿಸಿದರು. ವನಜಾಕ್ಷಿ ಸೊಂಟದಿಂದ ಗುಳಿಗೆಯ ಕಟ್ಟು ತೆಗೆದು ಶಾಂತಕ್ಕನ ಮಡಿಲ ಮೇಲೆ ಇಟ್ಟಳು.

"ಏನಂದ್ಲು?" ಎಂದು ಹಿಂದಿನಿಂದ ಯಾರೋ ಕೇಳಿದರು. ತಿಮ್ಮಕ್ಕ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ರೇಣುಕಪ್ರಸಾದ್ ಹೆಂಡತಿಯನ್ನು, ಅಕ್ಕನನ್ನು, ಮತ್ತೆ ಹೆಂಡತಿಯನ್ನು ನೋಡಿದ.

"ಹೊತ್ತಾಯ್ತು," ಎಂದರು ಏಕಾಂತಯ್ಯ, ಕೊನೆಗೆ. ಗುಳಿಗೆಯ ಕಟ್ಟನ್ನು ಎತ್ತಿ ಪಕ್ಕಕ್ಕೆ ಇಟ್ಟರು. "ಇಳಿಸ್ರಪ್ಪ."

ಇಳಿಸಿದರು. ಎಡ ಅಂಗೈಯಲ್ಲಿ ಲಿಂಗ ಇಟ್ಟು, ವಿಭೂತಿ ಉಪ್ಪು ಸುರಿದು, ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕಿದರು. ವನಜಾಕ್ಷಿಯೂ ಬಗ್ಗಿ ಮಣ್ಣು ತೆಗೆದುಕೊಂಡಳು. ಅಷ್ಟರಲ್ಲಿ ಗುದ್ದಲಿಯವರು ಮುಂದೆ ಬಂದರು, ಜನ ಅಡ್ಡ ಬಂದರು, ಗುಂಡಿ ಮುಚ್ಚಿಹೋಯಿತು.

\*

ಬೋರ್‌ವೆಲ್ಲಿನ ಪೈಪಿನ ಹತ್ತಿರ ಎಲ್ಲರೂ ಸರದಿಯಲ್ಲಿ ಕೈಕಾಲು ತೊಳೆದುಕೊಂಡು ಊರ ಕಡೆ ನಡೆದರು. ವನಜಾಕ್ಷಿ ಒಂದು ತೆಂಗಿನ ಬುಡದ ಹತ್ತಿರ ನಿಂತೇ ಇದ್ದಳು. ಅವಳನ್ನು ಬನ್ನಿ ಎಂದು ಯಾರೂ ಕರೆಯಲಿಲ್ಲ, ಬೈಯಲೂ ಇಲ್ಲ. ತಿಮ್ಮಕ್ಕ ಮಾತ್ರ ಹೋಗುತ್ತ ಅವಳೆದುರು ಒಂದು ಗಳಿಗೆ ನಿಂತು, "ಅವತ್ತೇ ಅಂದಿದ್ರೆ ಆಗ್ತಿತ್ತಲ್ಲ ಕಣವ್ವ," ಎಂದಳು. ಕೋಲು ಊರಿಕೊಂಡು ಮುಂದೆ ಹೋದಳು.

ಕೊನೆಗೆ ಉಳಿದವನು ರೇಣುಕಪ್ರಸಾದ್. ಪೈಪು ಹಿಡಿದು ಅವಳ ಹತ್ತಿರ ಬಂದ.

"ನಿನ್ನೆನೂ ಹೋಗಿದ್ಯಾ?"

"ಹೋಗಿದ್ದೆ."

"ಎಷ್ಟೊತ್ತಿಗೆ?"

"ಹತ್ತಕ್ಕೆ. ಬಾಗಿಲು ತಳ್ಳಿದೆ. ಬರ್ಲಿಲ್ಲ."

"ಆಗ ಅಕ್ಕ..." ಎಂದವನು ನಿಲ್ಲಿಸಿದ.

"ಗೊತ್ತಿಲ್ಲ ಕಣ್ರೀ. ನಂಗೆ ಗೊತ್ತಾಗ್ತಿಲ್ಲ."

ನೀರು ಅವರ ಕಾಲ ಹತ್ತಿರ ಸುಮ್ಮನೆ ಹರಿದುಹೋಗುತ್ತಿತ್ತು.

"ಒಂದು ಚಿಲಕ ಕೇಳಿದ್ಲು," ಎಂದ ಅವನು. "ನಾನು ಹುಚ್ಚಿ ಅಂದೆ. ನಿನ್ನ ಮಾತು ನಂಬಿ ಅಂದೆ."

ಅವನು ಬಗ್ಗಿ ಅವಳ ಪಾದಗಳ ಮೇಲೆ ನೀರು ಬಿಟ್ಟ. ಕೆಂಪು ಮಣ್ಣು ಕರಗಿ ಬೆರಳುಗಳು ಒಂದೊಂದಾಗಿ ಕಂಡವು. ಕೈಗೆ ನೀರು ಬಿಡಲು ಹೋದರೆ ಅವಳ ಬಲಗೈ ಮುಷ್ಟಿಯಾಗಿಯೇ ಇತ್ತು. ಗುಂಡಿಗೆ ಹಾಕದೆ ಉಳಿದ ಮಣ್ಣು ಅದರೊಳಗಿತ್ತು.

"ಬಿಡು," ಎಂದ.

ಅವಳು ಬಿಡಲಿಲ್ಲ. ಬಿಡಲಾಗದೆ ಹೋಯಿತೋ ಏನೋ. ಅವನು ಪೈಪನ್ನು ಕಂಕುಳಿಗೆ ಸಿಕ್ಕಿಸಿಕೊಂಡು, ಎರಡೂ ಕೈಯಿಂದ ಅವಳ ಕಿರುಬೆರಳನ್ನು ಬಿಡಿಸಿದ, ಆಮೇಲೆ ಅದರ ಪಕ್ಕದ್ದನ್ನು. ನೀರು ಅಡ್ಡಾದಿಡ್ಡಿ ಚಿಮ್ಮಿ ಇಬ್ಬರ ಬಟ್ಟೆಯೂ ನೆನೆಯುತ್ತಿತ್ತು. ಮೂರನೆಯ ಬೆರಳು ಬಿಡಿಸುವಷ್ಟರಲ್ಲಿ ಮೊದಲನೆಯದು ಮತ್ತೆ ಮುಚ್ಚಿಕೊಂಡಿತ್ತು.